ಹಬ್ಬ ಮುಗಿದ ಮೇಲೆ ತುಳಸಿ ಬಾಡುತ್ತಿದೆ: ನೀರು ಹಾಕೋದಾ, ನಿಲ್ಲಿಸೋದಾ?

ಬಾಲ್ಕನಿ ತುಳಸಿ:
ಎಲ್ಲರಿಗೂ ನಮಸ್ಕಾರ. ನಮ್ಮದು ಬೆಂಗಳೂರು, ಎರಡನೇ ಮಹಡಿ ಮನೆ. ಉತ್ಥಾನ ದ್ವಾದಶಿಯ ದಿನ ತುಳಸಿ ತುಂಬಿಕೊಂಡು ನಿಂತಿತ್ತು. ಈಗ ಮೂರು ವಾರವಾಯ್ತು. ಎಲೆಯೆಲ್ಲ ಜೋತುಬಿದ್ದಿದೆ, ಕೆಳಗಿನವು ಹಳದಿಯಾಗಿ ಉದುರುತ್ತಿವೆ. ದಿನಾ ಬೆಳಿಗ್ಗೆ ಒಂದು ಚೊಂಬು ನೀರು ಹಾಕುತ್ತೇನೆ. ಬಾಡಿದೆ ಅಂತ ನಾಲ್ಕು ದಿನದಿಂದ ಸಂಜೆಯೂ ಹಾಕುತ್ತಿದ್ದೇನೆ. ಏನೂ ಪ್ರಯೋಜನ ಇಲ್ಲ. ತುಳಸಿ ಒಣಗಿದರೆ ಮನೆಗೆ ಒಳ್ಳೆಯದಲ್ಲ ಅಂತ ಅತ್ತೆ ತುಂಬಾ ನೊಂದುಕೊಂಡಿದ್ದಾರೆ. ದಯವಿಟ್ಟು ಹೇಳಿ.

ಕೆಂಪುಮಣ್ಣು:
ಚಳಿ ಅಕ್ಕ, ಬೇರೇನೂ ಅಲ್ಲ. ಡಿಸೆಂಬರ್‌ನಲ್ಲಿ ಎಲ್ಲರ ಮನೆಯ ತುಳಸಿಯೂ ಹೀಗೇ. ಬಿಸಿಲು ಬೀಳುವ ಕಡೆ ಇಡಿ, ಶಿವರಾತ್ರಿ ಹೊತ್ತಿಗೆ ಚಿಗುರುತ್ತೆ.

ಹಿತ್ತಲ ಮನೆ:
ಪೂರ್ತಿ ಒಪ್ಪಲ್ಲ ಅಣ್ಣ. ಚಳಿಗೆ ತುಳಸಿ ಬೆಳೆಯೋದು ನಿಲ್ಲಿಸುತ್ತೆ, ಎಲೆ ಸಣ್ಣದಾಗುತ್ತೆ, ಉದುರುತ್ತೆ. ಆದರೆ ಬೆಂಗಳೂರಿನ 15–16 ಡಿಗ್ರಿ ಚಳಿಗೆ ಇಡೀ ಗಿಡ ಹೀಗೆ ಜೋತುಬೀಳಲ್ಲ. ಅಕ್ಕ, ಮೊದಲು ಮಣ್ಣಿಗೆ ಬೆರಳು ಹಾಕಿ ನೋಡಿ. 2 ಇಂಚು ಒಳಗೆ ಒಣಗಿದ್ದರೆ ಬಾಯಾರಿಕೆ. ಹಸಿಯಾಗಿದ್ದೂ ಎಲೆ ಬಾಡಿದ್ದರೆ ತೊಂದರೆ ಬೇರಿನಲ್ಲಿದೆ. ಇನ್ನೊಂದು ಮಾತು. ಮಧ್ಯಾಹ್ನ ಬಾಡಿ ಸಂಜೆಗೆ ನೆಟ್ಟಗಾದರೆ ಅದು ಬಿಸಿಲಿಗೆ. ಬೆಳಿಗ್ಗೆ ಎದ್ದಾಗಲೇ ಬಾಡಿದ್ದರೆ ಸುಮ್ನೆ ಬಿಡಬಾರದು.

ಬಾಲ್ಕನಿ ತುಳಸಿ:
ಬೆರಳು ಹಾಕಿದೆ. ಒದ್ದೆ, ಅಂಟು ಅಂಟು. ಬೆಳಿಗ್ಗೆಯೇ ಬಾಡಿರುತ್ತೆ. ನೀರಿದ್ದೂ ಯಾಕೆ ಬಾಡುತ್ತೆ?

ಹಿತ್ತಲ ಮನೆ:
ಬೇರಿಗೆ ನೀರಿನಷ್ಟೇ ಗಾಳಿಯೂ ಬೇಕು. ಮಣ್ಣಿನ ಸಂದಿಯಲ್ಲೆಲ್ಲ ನೀರು ನಿಂತರೆ ಉಸಿರು ಕಟ್ಟಿ ಬೇರು ಸಾಯುತ್ತೆ. ಸತ್ತ ಬೇರು ನೀರು ಎಳೆಯಲ್ಲ. ಮೇಲೆ ಎಲೆ ನೀರಿಲ್ಲದ ಗಿಡದ ಹಾಗೇ ಕಾಣುತ್ತೆ. ಅದನ್ನು ನೋಡಿ ನಾವು ಇನ್ನಷ್ಟು ಹಾಕುತ್ತೇವೆ. ನನ್ನ ಎರಡು ತುಳಸಿ ಹೋಗಿದ್ದು ಹೀಗೇ, ಅದಕ್ಕೇ ಇಷ್ಟು ಒತ್ತಿ ಹೇಳುತ್ತಿದ್ದೇನೆ. ಪೀಸ್ ಲಿಲಿಯಂಥ ಗಿಡ ಬಾಯಾರಿ ನೆಲಕ್ಕೆ ಬಿದ್ದಿದ್ದರೂ ನೀರು ಕೊಟ್ಟ ಕೆಲವೇ ಗಂಟೆಯಲ್ಲಿ ಎದ್ದು ನಿಲ್ಲುತ್ತೆ. ನೀರು ಕೊಟ್ಟ ಮೇಲೂ ಏಳದಿದ್ದರೆ ಮತ್ತೆ ಮತ್ತೆ ಹಾಕಬೇಡಿ.

ಟೆರೇಸ್ ಗಾರ್ಡನ್:
ಇದು ಬೇರು ಕೊಳೆ ರೋಗ. ಮೇಡಂ, ಶಿಲೀಂಧ್ರ (ಬೂಸ್ಟು) ಕೊಲ್ಲುವ ಕಾರ್ಬೆಂಡಾಜಿಮ್ ಇರುವ ಪುಡಿ ತಂದು ನೀರಲ್ಲಿ ಕಲಸಿ ಬುಡಕ್ಕೆ ಹಾಕಿ. ಕಾಯುತ್ತಾ ಕೂತರೆ ಗಿಡ ಹೋಗುತ್ತೆ.

ಕರಾವಳಿ ಅಂಗಳ:
ಬೇಡ ಮಾರಾಯ್ರೆ! ಅದು ಗಿಡದ ಒಳಗೆಲ್ಲ ಹರಡುವ ಔಷಧಿ. ತುಳಸಿ ಎಲೆಯನ್ನು ತೀರ್ಥಕ್ಕೆ ಹಾಕುತ್ತೇವೆ, ಕೆಮ್ಮಿಗೆ ಕಷಾಯ ಮಾಡಿ ಮಕ್ಕಳಿಗೆ ಕೊಡುತ್ತೇವೆ. ಅಂಥ ಗಿಡಕ್ಕೆ ಇದನ್ನು ಹಾಕುವುದಾ? ನಿಂತ ನೀರು ಹೋಗದಿದ್ದರೆ ಯಾವ ಔಷಧಿಯೂ ಬೇರು ಉಳಿಸುವುದಿಲ್ಲ.

ಟೆರೇಸ್ ಗಾರ್ಡನ್:
ತಿನ್ನುವ ಗಿಡ ಅನ್ನೋದು ಲಕ್ಷ್ಯಕ್ಕೆ ಬರಲಿಲ್ಲ, ಆ ಮಾತು ವಾಪಸ್. ಟ್ರೈಕೋಡರ್ಮಾ ಅನ್ನೋ ಉಪಕಾರಿ ಶಿಲೀಂಧ್ರ ಹಾಕಬಹುದು. ಆದರೆ ಅದು ರೋಗ ಬರದ ಹಾಗೆ ಕಾಯುತ್ತೆ, ಕೊಳೆತ ಬೇರನ್ನು ಬದುಕಿಸಲ್ಲ. ಇನ್ನೊಂದು ಅನುಮಾನ ಇದೆ. ಈ ಮಣ್ಣಲ್ಲಿ ಮೊದಲು ಟೊಮೆಟೊ, ಬೆಂಡೆ ಏನಾದರೂ ಬೆಳೆದಿದ್ರಾ? ಬೇರಿಗೆ ಗಂಟು ಕಟ್ಟಿಸುವ ಜಂತುಹುಳು ಆ ಮಣ್ಣಿನಿಂದ ತುಳಸಿಗೂ ಬರುತ್ತೆ. ಗಿಡ ಕಿತ್ತು ನೋಡದೆ ಗೊತ್ತಾಗಲ್ಲ.

ಕೆಂಪುಮಣ್ಣು:
ಬಾಡಿದ ಗಿಡ ಕಿತ್ತರೆ ಉಳಿಯುತ್ತಾ? ಇರೋ ನಾಲ್ಕು ಬೇರೂ ಹರಿದುಹೋಗುತ್ತೆ. ಒಂದು ವಾರ ನೀರು ನಿಲ್ಲಿಸಿ ನೋಡೋದು ಮೇಲು.

ಹಿತ್ತಲ ಮನೆ:
ನಿಜ, ಅಪಾಯ ಇದೆ. ಎಲೆ ಸ್ವಲ್ಪವೇ ಜೋತಿದ್ದರೆ ನಾನೂ ಅದನ್ನೇ ಹೇಳುತ್ತಿದ್ದೆ. ಇಲ್ಲಿ ಮಣ್ಣು ಅಂಟಾಗಿದೆ, ಎಲೆ ಉದುರುತ್ತಿದೆ. ಕಾದಷ್ಟೂ ಕೊಳೆ ಮೇಲೆ ಏರುತ್ತೆ. ಬುಡ ಹಿಡಿದು ಎಳೆಯಬೇಡಿ ಅಕ್ಕ. ಕುಂಡ ಮಗುಚಿ, ಅಂಗೈಯಲ್ಲಿ ಮಣ್ಣು ಆನಿಸಿಕೊಂಡು ಪೂರ್ತಿ ಹೆಂಟೆಯನ್ನೇ ಜಾರಿಸಿ. ಬಿಳಿ ಬೇರು ಬದುಕಿದೆ. ಕಂದಾದ ಬೇರನ್ನು ಎರಡು ಬೆರಳಲ್ಲಿ ಎಳೆದಾಗ ಸಿಪ್ಪೆ ಕಳಚಿ ಒಳಗೆ ದಾರದಂಥದ್ದು ಉಳಿದರೆ ಅದು ಕೊಳೆತಿದೆ.

ಬಾಲ್ಕನಿ ತುಳಸಿ:
ಮಾಡಿದೆ. ಗಂಟು ಇಲ್ಲ. ಅರ್ಧಕ್ಕಿಂತ ಜಾಸ್ತಿ ಬೇರು ಕಂದಾಗಿದೆ, ನೀವು ಹೇಳಿದ ಹಾಗೇ ಸಿಪ್ಪೆ ಕಳಚಿಬಂತು. ಚರಂಡಿ ನೀರಿನ ವಾಸನೆ. ಕುಂಡದ ತೂತಿಗೆ ಮಣ್ಣು ಗಟ್ಟಿಯಾಗಿ ಅಮರಿಕೊಂಡಿದೆ, ಕೆಳಗಿನ ತಟ್ಟೆಯಲ್ಲೂ ನೀರು. ಒಂದು ವಿಷಯ ಗಮನಿಸಿದೆ. ಹಬ್ಬಕ್ಕೆ ನೆಟ್ಟ ನೆಲ್ಲಿಯ ಕೊಂಬೆ ಬುಡದ ಪಕ್ಕದಲ್ಲೇ ಇತ್ತು. ಅದು ಇಳಿದ ಜಾಗದಲ್ಲಿ ಬೇರೆಲ್ಲ ಕಪ್ಪು.

ಕರಾವಳಿ ಅಂಗಳ:
ಹೋ, ಅದು ಮುಖ್ಯ. ಕೊಂಬೆ ಚುಚ್ಚುವಾಗ ಬೇರು ಹರಿಯುತ್ತದೆ. ಹರಿದ ಜಾಗ, ನಿಂತ ನೀರು, ಕೊಳೆ ಅಲ್ಲಿಂದಲೇ ಶುರು. ನಮ್ಮ ಅಂಗಳದ ಕಟ್ಟೆಯಲ್ಲಿ ತಳ ನೆಲಕ್ಕೇ ತೆರೆದಿದೆ, ಮಣ್ಣು ಆಳ, ನೀರು ಇಳಿದುಹೋಗುತ್ತದೆ. ದಿನಾ ಚೊಂಬು ಎರೆದರೂ ತೊಂದರೆ ಇಲ್ಲ. ಕುಂಡ ಹಾಗಲ್ಲ. ಮುಂದಿನ ವರ್ಷ ಕೊಂಬೆಯನ್ನು ಕುಂಡದ ಹೊರಗೆ ಕಟ್ಟಿ ನಿಲ್ಲಿಸಿ.

ಹಿತ್ತಲ ಮನೆ:
ಅಕ್ಕ, ಕೊಳೆತ ಬೇರನ್ನು ಶುದ್ಧ ಕತ್ತರಿಯಿಂದ ತೆಗೆಯಿರಿ. ಹಳೇ ಮಣ್ಣು ಬೇಡ. ಕೆಂಪುಮಣ್ಣು, ಮರಳು, ಎರೆಗೊಬ್ಬರ ಸಮ ಪಾಲು, ಒಂದು ಹಿಡಿ ಬೇವಿನ ಹಿಂಡಿ. ಬೇರು ಕಡಿಮೆಯಾದ ಮೇಲೆ ಅಷ್ಟೂ ಎಲೆಗೆ ನೀರು ಒದಗಲ್ಲ, ಅದಕ್ಕೆ ಕದಿರು ಮತ್ತು ಮೂರರಲ್ಲಿ ಒಂದು ಪಾಲು ರೆಂಬೆ ಕತ್ತರಿಸಿ. ನಾಲ್ಕೈದು ದಿನ ನೆರಳು, ಆಮೇಲೆ ದಿನಕ್ಕೆ 5–6 ಗಂಟೆ ಬಿಸಿಲು. ಕತ್ತರಿಸಿದ ರೆಂಬೆಗಳಲ್ಲಿ ಎಳೆಯವನ್ನು ಲೋಟದ ನೀರಲ್ಲಿಡಿ. ದೊಡ್ಡ ಗಿಡ ಉಳಿಯುತ್ತೆ ಅಂತ ಮಾತು ಕೊಡಲಾರೆ.

ನ್ಯೂಜೆರ್ಸಿ ಕಿಟಕಿ:
ಇಲ್ಲಿ ಚಳಿಗಾಲದಲ್ಲಿ ತುಳಸಿ ಮನೆಯೊಳಗೇ. ಬೆಳಕು ಕಡಿಮೆ, ಗಿಡ ಬೆಳೆಯಲ್ಲ, ನೀರೂ ಕುಡಿಯಲ್ಲ. ನಾನು ಕುಂಡ ಎತ್ತಿ ತೂಕ ನೋಡುತ್ತೇನೆ. ಹಗುರ ಅನ್ನಿಸಿದರೆ ಮಾತ್ರ ನೀರು. ಕೆಲವೊಮ್ಮೆ ವಾರ ದಾಟುತ್ತೆ.

ಬಾಲ್ಕನಿ ತುಳಸಿ:
ಅದೇ ನಮ್ಮನೆಯಲ್ಲಿ ಕಷ್ಟ. ದಿನಾ ನೀರೆರೆಯದೆ ಅತ್ತೆ ತಿಂಡಿ ತಿನ್ನಲ್ಲ. ನಿಲ್ಲಿಸಿ ಅಂತ ನಾನು ಹೇಗೆ ಹೇಳಲಿ?

ಕರಾವಳಿ ಅಂಗಳ:
ನಿಲ್ಲಿಸಿ ಅನ್ನಬೇಡಿ. ಪಂಚಪಾತ್ರೆಯ ಉದ್ಧರಣೆಯಲ್ಲಿ ಒಂದು ಸಲ ಬಿಟ್ಟರೂ ದೇವರಿಗೆ ಸಲ್ಲುತ್ತದೆ. ಅಷ್ಟರಿಂದ ಗಿಡಕ್ಕೆ ಏನೂ ಆಗುವುದಿಲ್ಲ. ಚೊಂಬಿನ ನೀರು ಮಣ್ಣು ಒಣಗಿದ ದಿನ ಮಾತ್ರ. ಮತ್ತೆ, ತುಳಸಿಗೂ ಆಯಸ್ಸು ಇದೆ. ಕುಂಡದಲ್ಲಿ ಎರಡು ಮೂರು ವರ್ಷಕ್ಕೆ ಕಡ್ಡಿಯಾಗುತ್ತದೆ. ಪಕ್ಕದಲ್ಲಿ ಸಸಿ ಎಬ್ಬಿಸಿಕೊಳ್ಳುತ್ತಾ ಇರಬೇಕು. ಅದರಲ್ಲಿ ಅಪಶಕುನ ಎಂಥದ್ದೂ ಇಲ್ಲ ಅಂತ ಅತ್ತೆಯವರಿಗೆ ಹೇಳಿ.

ಕೆಂಪುಮಣ್ಣು:
ಬೇರು ಇಷ್ಟು ಕೊಳೆತಿರುತ್ತೆ ಅಂದುಕೊಂಡಿರಲಿಲ್ಲ. ಒಣಗಿದ ಕದಿರು ಇದ್ದರೆ ಬೀಜವನ್ನೂ ಇಟ್ಟುಕೊಳ್ಳಿ ಅಕ್ಕ. ಚಳಿ ಇಳಿದ ಮೇಲೆ ಮಣ್ಣಿನ ಮೇಲೆ ಚೆಲ್ಲಿ, ತೆಳುವಾಗಿ ಮುಚ್ಚಿ.

ಬಾಲ್ಕನಿ ತುಳಸಿ (12 ದಿನದ ನಂತರ):
ದೊಡ್ಡ ಗಿಡ ಉಳಿಯಲಿಲ್ಲ. ಬುಡದವರೆಗೂ ಕಪ್ಪಾಗಿತ್ತು. ಲೋಟದಲ್ಲಿಟ್ಟ ಐದು ರೆಂಬೆಯಲ್ಲಿ ಎರಡಕ್ಕೆ ಬೇರು ಬಂದಿದೆ, ಬಿಳಿ, ಅರ್ಧ ಬೆರಳು ಉದ್ದ. ಇವತ್ತು ಹೊಸ ಮಣ್ಣಿಗೆ ಹಾಕಿದೆವು. ತಟ್ಟೆ ತೆಗೆದುಬಿಟ್ಟೆ. ಬೆಳಿಗ್ಗೆ ಅತ್ತೆ ಉದ್ಧರಣೆಯಲ್ಲಿ ನೀರು ಬಿಟ್ಟು, ಮಣ್ಣಿಗೆ ತಾವೇ ಬೆರಳು ಹಾಕಿ ನೋಡಿ, "ಇನ್ನೂ ಹಸಿ ಇದೆ ಕಣೇ" ಅಂದರು.