ಸಹಾಯ ಬೇಕು: 38% ಚಾರ್ಜ್ ಇದ್ದರೂ ಟ್ಯಾಬ್ ಆಫ್ ಆಗುತ್ತಿದೆ

ಎಲ್ಲರಿಗೂ ನಮಸ್ಕಾರ. ನಾನು ದಾವಣಗೆರೆಯವನು. ಮಗಳ ಓದಿಗೆ ಅಂತ ತಗೊಂಡ ಆಂಡ್ರಾಯ್ಡ್ ಟ್ಯಾಬ್, 4 ವರ್ಷ ಹಳೆಯದು. ಒಂದು ತಿಂಗಳಿಂದ ಚಾರ್ಜ್ 35-40% ಇರುವಾಗಲೇ ದಿಢೀರ್ ಅಂತ ಆಫ್ ಆಗುತ್ತಿದೆ. ಚಾರ್ಜರ್ ಸಿಕ್ಕಿಸಿ ಆನ್ ಮಾಡಿದರೆ ಮತ್ತೆ ಅದೇ 38% ತೋರಿಸುತ್ತದೆ!

ಪಿಡಿಎಫ್ ಓದುವಾಗ ಏನೂ ತೊಂದರೆ ಇಲ್ಲ. ಕ್ಯಾಮೆರಾ ತೆರೆದರೆ, ಬ್ರೈಟ್‌ನೆಸ್ ಜಾಸ್ತಿ ಇಟ್ಟು ವಿಡಿಯೋ ನೋಡಿದರೆ ಮುಗೀತು. ಆದರೆ ಚಾರ್ಜರ್‌ನಲ್ಲೇ ಇಟ್ಟರೆ ಗಂಟೆಗಟ್ಟಲೆ ಓಡುತ್ತದೆ. ಹಾಗಾಗಿ ನನ್ನ ಅನುಮಾನ ಬ್ಯಾಟರಿ ಮೇಲೆ. ಹಳೆಯ ಲಿಥಿಯಂ ಬ್ಯಾಟರಿಯ ಒಳಗೆ ರೆಸಿಸ್ಟೆನ್ಸ್ (ಕರೆಂಟ್‌ಗೆ ತಡೆ) ಹೆಚ್ಚಾಗಿರುತ್ತದೆ, ಒಮ್ಮೆಲೇ ಕರೆಂಟ್ ಎಳೆದಾಗ ವೋಲ್ಟೇಜ್ ಕುಸಿದು ಟ್ಯಾಬ್ ಆಫ್ ಆಗುತ್ತದೆ, ಅಲ್ವಾ?

ಸೇಫ್ ಮೋಡ್ (ನಾವು ಹಾಕಿದ ಆ್ಯಪ್‌ಗಳಿಲ್ಲದೆ ಓಡಿಸುವುದು), ಫ್ಯಾಕ್ಟರಿ ರೀಸೆಟ್ (ಎಲ್ಲ ಅಳಿಸಿ ಹೊಸದರಂತೆ ಮಾಡುವುದು) ಎರಡೂ ಆಯಿತು. ಪವರ್ ಬಟನ್ ಒತ್ತುತ್ತಿದೆಯೇನೋ ಅಂತ ಕವರ್ ತೆಗೆದೂ ನೋಡಿದೆ. ಬ್ಯಾಟರಿ ಊದಿದಂತೆಯೂ ಇಲ್ಲ: ಟ್ಯಾಬ್‌ನ ಬೆನ್ನು ಉಬ್ಬಿಲ್ಲ, ಸ್ಕ್ರೀನ್ ಎದ್ದಿಲ್ಲ.

ಒಂದು ಅಂಗಡಿಯಲ್ಲಿ ತೋರಿಸಿದೆ. ಬಿಚ್ಚಿಯೂ ನೋಡದೆ "ಬೋರ್ಡ್ ಹೋಗಿದೆ, ಹೊಸದು ತಗೊಳ್ಳಿ" ಅಂದರು. ಬೋರ್ಡ್ (ಒಳಗಿನ ಮುಖ್ಯ ಸರ್ಕ್ಯೂಟ್) ಕೆಟ್ಟಿದ್ದರೆ ಚಾರ್ಜರ್‌ನಲ್ಲಿದ್ದಾಗಲೂ ಆಫ್ ಆಗಬೇಕಿತ್ತಲ್ಲವೇ? ಬಲ್ಲವರು ಹೇಳಿ.

ದಾವಣಗೆರೆಯಲ್ಲಿ ಬ್ಯಾಟರಿ ಮಾತ್ರ ಬದಲಿಸಿ ಕೊಡುವವರು ಯಾರಾದರೂ ಇದ್ದಾರಾ? ಚಿತ್ರದುರ್ಗವಾದರೂ ಸರಿ, ಬಸ್ ಹತ್ತಿ ಬರುತ್ತೇನೆ. ಸರಿಯಾದ ದಾರಿ ತೋರಿಸಿದವರಿಗೆ ಬೆಣ್ಣೆದೋಸೆ ನನ್ನ ಲೆಕ್ಕದಲ್ಲಿ.