ಸಹಾಯ ಬೇಕು: ಕುದುರೆಮುಖದ ಕಿರುಚಿತ್ರದಲ್ಲಿ ಗಣಿಯ ವಿಷಯ ಎಲ್ಲಿ ಹೇಳಲಿ?

ಎಲ್ಲರಿಗೂ ನಮಸ್ಕಾರ. ಕುದುರೆಮುಖದ ಬೆಟ್ಟಗಳ ಬಗ್ಗೆ ಕಿರು ಸಾಕ್ಷ್ಯಚಿತ್ರ ಮಾಡುತ್ತಿದ್ದೇನೆ. ಶೂಟಿಂಗ್ ಮುಗಿದಿದೆ, ಎಡಿಟಿಂಗ್‌ನಲ್ಲಿ ಸಿಕ್ಕಿಹಾಕಿಕೊಂಡಿದ್ದೇನೆ.

ಚಿತ್ರದಲ್ಲಿ ಮಾತಿಲ್ಲ. ಗಾಳಿಗೆ ಬಾಗುವ ಹುಲ್ಲು, ಕಣಿವೆಯ ಮಡಿಕೆಗಳಲ್ಲಿ ಒತ್ತಾಗಿ ನಿಂತ ಶೋಲಾ ಕಾಡು, ಎಲ್ಲವನ್ನೂ ಮುಚ್ಚಿ ಮತ್ತೆ ಬಿಟ್ಟುಕೊಡುವ ಮಂಜು. ಶಬ್ದ ಅಂದರೆ ಗಾಳಿ, ನೀರು, ಹಕ್ಕಿ ಅಷ್ಟೇ. ಇಲ್ಲಿಯವರೆಗೆ ನನಗೆ ತುಂಬಾ ಇಷ್ಟವಾಗಿದೆ.

ತೊಂದರೆ ಶುರುವಾಗುವುದು ಲಕ್ಯಾ ಅಣೆಕಟ್ಟಿನ ಶಾಟ್ ಬಂದಾಗ. ನೋಡಲು ಸುಮ್ನೆ ಒಂದು ಸುಂದರ ಕೆರೆ. ಆದರೆ ಅದನ್ನು ಕಟ್ಟಿದ್ದು ಕಬ್ಬಿಣದ ಅದಿರು ಬೇರ್ಪಡಿಸಿದ ಮೇಲೆ ಉಳಿಯುವ ಕೆಸರನ್ನು ತಡೆದಿಡಲು. ಭದ್ರಾ ನದಿಗೆ ಹೂಳು ಸೇರುತ್ತಿದೆ ಎಂಬ ಆಕ್ಷೇಪವೂ ಇತ್ತು. ಸುಪ್ರೀಂ ಕೋರ್ಟ್ ಆದೇಶದಿಂದ 2005ರ ಕೊನೆಗೆ ಗಣಿಗಾರಿಕೆ ನಿಂತಿತು. ಇದೇನೂ ತಿಳಿಯದೆ ನೋಡಿದವರು "ಎಷ್ಟು ಚೆಂದ" ಅಂದು ಮುಂದೆ ಹೋಗುತ್ತಾರೆ. ಆ ಬೆಟ್ಟಕ್ಕೆ ಅದು ಅನ್ಯಾಯ ಅಲ್ವಾ?

ನಿರೂಪಣೆ ಸೇರಿಸಿದೆ, ಶಾಲೆಯ ಪಾಠದ ಥರ ಆಯಿತು. ಶುರುವಿನಲ್ಲೇ ಬರಹ ಹಾಕಿದರೆ ಜನ ಹುಲ್ಲಿನಲ್ಲೂ ಗಣಿಯನ್ನೇ ಹುಡುಕುತ್ತಾರೆ. ಕೊನೆಗೆ ಹಾಕಿದರೆ ಯಾರೂ ಓದುವುದಿಲ್ಲ. ಗಣಿಯಲ್ಲಿ ದುಡಿದ ಹಿರಿಯರೊಬ್ಬರ ಧ್ವನಿ ರೆಕಾರ್ಡ್ ಆಗಿದೆ. ಅವರು ದೂರುವುದಿಲ್ಲ, ಕೆಲಸ ಹೋದ ಮೇಲೆ ಖಾಲಿಯಾದ ಊರಿನ ಬಗ್ಗೆ ಹೇಳುತ್ತಾರೆ. ಅದೂ ನಿಜವೇ, ಬಿಡಲು ಮನಸ್ಸಿಲ್ಲ.

ಎಡಿಟಿಂಗ್ ಮಾಡುವವರು, ಸಾಕ್ಷ್ಯಚಿತ್ರ ಜಾಸ್ತಿ ನೋಡುವವರು ದಯವಿಟ್ಟು ಹೇಳಿ: ಮಾತೇ ಇಲ್ಲದ ಚಿತ್ರದಲ್ಲಿ, ಅಣೆಕಟ್ಟಿನ ಶಾಟ್ ಮೇಲೆ ಒಂದೇ ಸಲ ಆ ಧ್ವನಿ ಬಂದರೆ ಲಯ ಕೆಡುತ್ತದಾ? ಅಥವಾ ಅಲ್ಲಿ ಎರಡು ಸಾಲಿನ ಬರಹವೇ ಸರಿಯಾ?