ಪದ ಬೇಕು: ಜರ್ಮನ್ ‘ಡೋಫ್’ (ಇವತ್ತು ಸಂಜೆಯೊಳಗೆ)

ಎಲ್ಲರಿಗೂ ನಮಸ್ಕಾರ. ಜರ್ಮನ್ ಕಲಿಯುವ ನಮ್ಮ ಗುಂಪಿನ ಹಾಡಿನ ಸಂಜೆಗೆ ಪೋಸ್ಟರ್ ಬರೆಯುವ ಕೆಲಸ ನನ್ನ ತಲೆಗೆ ಬಿದ್ದಿದೆ, ಪ್ರೆಸ್‌ನವರು ಆರಕ್ಕೆ ಬಾಗಿಲು ಹಾಕುತ್ತಾರೆ. ವಿಷಯ ‘ಡೀ ಡೋಫೆನ್’ ಜೋಡಿ, ಅಂದರೆ ವಿಗಾಲ್ಡ್ ಬೋನಿಂಗ್ ಮತ್ತು ಓಲಿ ಡಿಟ್ರಿಶ್. ಆರ್‌ಟಿಎಲ್ ಚಾನೆಲ್ಲಿನ ಶನಿವಾರ ರಾತ್ರಿಯ ನಗೆ ಕಾರ್ಯಕ್ರಮದಿಂದ (1993–98) ಬಂದವರು. 1995ರಲ್ಲಿ ‘ಲೋಕಕ್ಕೆ ಬೇಕಿಲ್ಲದ ಹಾಡುಗಳು’ ಅಂತ ಆಲ್ಬಮ್ ತಂದರು, ಲೋಕ ಅದನ್ನೇ ಜರ್ಮನಿಯ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೆ ಏರಿಸಿತು! ಮರುವರ್ಷದ್ದು ‘ಮೆಲೋಡೀನ್ ಫ್ಯೂರ್ ಮೆಲೋನೆನ್’. ಅದಕ್ಕೆ ‘ಕಲ್ಲಂಗಡಿಗೊಂದು ಕಲ್ಯಾಣಿ’ ಅಂತ ಹೊಂದಿಸಿದೆ. ಹಿಟ್ ಹಾಡು ‘ಮೀಫ್’ಗೆ ‘ನಾತ’. ನಾರುತ್ತಿದ್ದರೂ ಸರಿ, ಈಗಲೇ ನನ್ನನ್ನು ಅಪ್ಪಿಕೋ ಅನ್ನುವ ಪ್ರೇಮಗೀತೆ ಅದು. ಜೋಡಿಯ ಹೆಸರೇ ಸಿಗುತ್ತಿಲ್ಲ. ‘ಪೆದ್ದರು’ ಸಾಕಾ? ಬೈದ ಹಾಗಿರಬಾರದು.

ಮರು:
ಮೂಲಕ್ಕೆ ಹೋಗಿ ಮೇಡಂ. ‘ಡೋಫ್’ ಉತ್ತರ ಜರ್ಮನಿಯ ಆಡುಮಾತಿನದು, ಅಲ್ಲಿ ಅದಕ್ಕೆ ಕಿವುಡು ಅಂತ ಅರ್ಥ. ಆದ್ದರಿಂದ ‘ಕಿವುಡರು’. ಹಾಡುವವರಿಗೆ ಇದಕ್ಕಿಂತ ಒಳ್ಳೆ ಹೆಸರಿಲ್ಲ. ‘ಪೆದ್ದ’ ಕನ್ನಡವೇ ಅಲ್ಲ. ಆಗಿದ್ದರೆ ಪಾಲು ಹಾಲಾದ ಹಾಗೆ ‘ಹೆದ್ದ’ ಆಗಬೇಕಿತ್ತು. ತೆಲುಗಿನ ದೊಡ್ಡವರನ್ನು ತಂದು ನಾವು ದಡ್ಡರನ್ನಾಗಿ ಮಾಡಿಕೊಂಡಿದ್ದೇವೆ, ಅಷ್ಟೇ.

ಮರು:
ಮತ್ತೆ ಅದೇ ಪ-ಹ ಪುರಾಣ. ಪಡೆ ‘ಹಡೆ’ ಆದ ಮೇಲೂ ಪಡೆಯುವುದನ್ನು ನಾವೇನು ಬಿಟ್ಟಿಲ್ಲವಲ್ಲ. ಇನ್ನು ‘ಕಿವುಡರು’ ಅಂತ ಗೋಡೆಗೆ ಅಂಟಿಸಿದರೆ ಕಿವಿ ಕೇಳದವರಿಗೆ ನೋವಾಗುತ್ತದೆ, ಅದೂ ಅಲ್ಲದೆ ಈಗಿನ ಜರ್ಮನರಿಗೆ ಡೋಫ್ ಅಂದರೆ ಬರೀ ಪೆದ್ದು, ಕಿವಿ ಯಾರಿಗೂ ನೆನಪಾಗುವುದಿಲ್ಲ. ‘ಬೆಪ್ಪುತಕ್ಕಡಿಗಳು’ ಅನ್ನಿ. ತಕ್ಕಡಿಗೆ ಎರಡು ತಟ್ಟೆ, ಇವರೂ ಇಬ್ಬರು. ‘ನಾತ’ ಚೆನ್ನಾಗಿದೆ, ಬಿಡಬೇಡಿ. ಹಳಗನ್ನಡದಲ್ಲಿ ಹೂವೂ ನಾರುತ್ತಿತ್ತು.

ಮರು:
ತಕ್ಕಡಿ ನಮ್ಮದೋ? ಮರಾಠಿಯ ‘ತಾಗಡಿ’ ನೋಡಿ. ಹೀಗೇ ಎಲ್ಲ ಕಡೆಯಿಂದ ತಂದು ತುಂಬಿಕೊಂಡರೆ ನಾಳೆ ಕನ್ನಡ ಅಂತ ಉಳಿಯುವುದು ವಿಭಕ್ತಿ ಪ್ರತ್ಯಯ ಮಾತ್ರ.

ಮರು:
ರಾಯರೇ, ಯಾರು ಯಾರಿಂದ ತಂದರು ಅಂತ ನೀವು ಕಂಡಿದ್ದೀರಾ? ಪೋಸ್ಟರ್, ಪ್ರೆಸ್, ಆಲ್ಬಮ್ ಯಾವುದಕ್ಕೂ ತುಟಿ ಬಿಚ್ಚದೆ ಪಾಪ ತಕ್ಕಡಿ ಮೇಲೆ ಯಾಕೆ ಸಿಟ್ಟು? ತೂಕ ಜಾಸ್ತಿ ಆಯ್ತಾ?

ಮರು:
ಈ ಮಾತಿಗೆ ಉತ್ತರ ಕೊಡುವ ಅಗತ್ಯವಿಲ್ಲ. ‘ಪೋಸ್ಟರ್’ಗೆ ‘ಗೋಡೆಯೋಲೆ’ ಅಂತ ನಾನು ಎರಡು ಸಲ ಬರೆದಿದ್ದೆ, ಯಾರೂ ಓದಿಲ್ಲ.

ಮರು:
ಕ್ಷಮಿಸಿ, ಹೊತ್ತಾಯಿತು. ‘ಬೆಪ್ಪುತಕ್ಕಡಿಗಳು’ ಅಂತ ಕಳಿಸಿಬಿಟ್ಟೆ. ಪ್ರೆಸ್‌ನ ಹುಡುಗ ಅದನ್ನು ಓದಿ ನಕ್ಕನಂತೆ. ಐದು ನಿಮಿಷಕ್ಕೆ ಅವನದೇ ಫೋನ್: “ಮೇಡಂ, ಇಲ್ಲೊಂದು ಅಚ್ಚಿನ ತಪ್ಪಿದೆ, ‘ನಾದ’ ಅಲ್ವಾ?” ಅಲ್ಲಪ್ಪಾ, ‘ತ’, ತಕ್ಕಡಿಯ ‘ತ’ ಅಂತ ಎರಡು ಸಲ ಹೇಳಿದೆ.